ಕೆಂಪು ಶಾಯಿ ಮೇಷ್ಟ್ರಿಗೆ ಮಾತ್ರವೇ?



ಹೋದ ತಿಂಗಳು ಈ ಗೋಡೆ ಪತ್ರಿಕೆಯ ತಲೆಬರಹವನ್ನು ನಾನು ಕೆಂಪು ಪೆನ್ನಿನಲ್ಲಿ ಬರೆದಾಗ ನಮ್ಮ ತರಗತಿಯಲ್ಲಿ ದೊಡ್ಡ ಗಲಾಟೆಯೇ ಆಯಿತು. "ಕೆಂಪು ಶಾಯಿ ಮೇಷ್ಟ್ರಿಗೆ ಮಾತ್ರ, ನೀನ್ಯಾಕೆ ಮುಟ್ಟಿದೆ?" ಅಂತ ಎಲ್ಲರೂ ಮೇಲೆ ಬಿದ್ದರು. ಕನ್ನಡ ಮೇಷ್ಟ್ರನ್ನು ಕೇಳಿದೆ. ಅವರು ನಕ್ಕು, "ಕೆಂಪಕ್ಷರ ನಮ್ಮ ಇಸ್ಕೂಲಿಗಿಂತ ಹಳೇದಮ್ಮ. ಮನೇಲಿ ಹಳೇ ಪುಸ್ತಕ ಇದ್ರೆ ನೋಡು, ತಿಳ್ಕೊಂಡು ಬರಿ" ಅಂದರು. ತಿಳಿದುಕೊಂಡದ್ದನ್ನು ಇಲ್ಲಿ ಬರೆದಿದ್ದೇನೆ.

ಅಜ್ಜಿಯ ಪೆಟ್ಟಿಗೆ

ನಮ್ಮಜ್ಜಿಯ ಮರದ ಪೆಟ್ಟಿಗೆಯಲ್ಲಿ ಬಟ್ಟೆ ಸುತ್ತಿದ ಒಂದು ಕಟ್ಟು ಇದೆ. ಅದು ಕುಮಾರವ್ಯಾಸ ಭಾರತದ ಕೆಲವು ಪರ್ವಗಳ ಕೈಬರಹದ ಪ್ರತಿ. ತಾತನ ತಾತ ಕಾಗದದ ಮೇಲೆ ನಕಲು ಮಾಡಿದ್ದಂತೆ. ಅಂಚನ್ನೆಲ್ಲ ಹುಳ ತಿಂದಿದೆ. "ಓದೋರೇ ಇಲ್ಲ, ಪೂಜೆ ಮಾಡಿ ಹೊಳೆಗೆ ಬಿಟ್ಬಿಡೋಣ" ಅಂತ ಅಜ್ಜಿ ಎಷ್ಟೋ ಸಲ ಹೇಳಿದ್ದರು. ಆದರೆ ಕೆಂಗೇರಿಯಲ್ಲಿ ಹರಿಯುವ ವೃಷಭಾವತಿಯ ನೀರು ಹೇಗಿದೆ ಅಂತ ನಿಮಗೇ ಗೊತ್ತು. "ಆ ಕೊಚ್ಚೆಗೆ ಭಾರತ ಹಾಕೋದಾ?" ಅಂತ ಅವರೇ ಸುಮ್ಮನಾಗುತ್ತಿದ್ದರು. ಹೀಗೆ ಹೊಳೆ ಕೆಟ್ಟಿದ್ದರಿಂದ ಪುಸ್ತಕ ಉಳಿಯಿತು!

ಬಿಚ್ಚಿ ನೋಡಿದರೆ ನನಗೆ ತಲೆಬುಡ ತಿಳಿಯಲಿಲ್ಲ. ಪದಗಳ ನಡುವೆ ಜಾಗವಿಲ್ಲ. ಪದ್ಯಗಳು ಸಾಲು ಬಿಡದೆ ಒಂದೇ ಸಮನೆ ಹೋಗುತ್ತವೆ. ಆದರೆ ಅಲ್ಲಲ್ಲಿ "ಸಂಧಿ", "ಸೂಚನೆ" ಅನ್ನುವ ಮಾತುಗಳು ಮತ್ತು ಪದ್ಯದ ಸಂಖ್ಯೆಗಳು ಮಾತ್ರ ಕೆಂಪಾಗಿವೆ. ಆಗ ಅರ್ಥವಾಯಿತು. ಹಿಂದೆ ರಾತ್ರಿ ದೀಪದ ಬೆಳಕಿನಲ್ಲಿ ಭಾರತ ಓದುತ್ತಿದ್ದರಲ್ಲ, ನಿನ್ನೆ ಎಲ್ಲಿಗೆ ನಿಲ್ಲಿಸಿದ್ದೆವು ಅಂತ ಹುಡುಕಬೇಕಾದರೆ ಕಣ್ಣು ಮೊದಲು ಕೆಂಪಿನ ಮೇಲೆ ಬೀಳುತ್ತದೆ. ಅಂದರೆ ಕೆಂಪು ಬರೀ ಅಂದಕ್ಕಲ್ಲ, ರಸ್ತೆ ಬದಿಯ ಮೈಲಿಕಲ್ಲಿದ್ದ ಹಾಗೆ. ವೇದದ ಕಾಗದದ ಪ್ರತಿಗಳಲ್ಲಿ ಸ್ವರ ಎಲ್ಲಿ ಏರಬೇಕು, ಎಲ್ಲಿ ಇಳಿಯಬೇಕು ಎಂಬ ಗೆರೆಗಳನ್ನೂ ಕೆಂಪಿನಲ್ಲಿ ಹಾಕುತ್ತಿದ್ದರು.

ಓಲೆಗರಿಯಲ್ಲಿ ಕೆಂಪು ಏಕಿಲ್ಲ?

ನಮ್ಮ ಕಡೆಯ ಓಲೆಗರಿಗಳಲ್ಲಿ ಸಾಮಾನ್ಯವಾಗಿ ಕೆಂಪಕ್ಷರ ಕಾಣುವುದಿಲ್ಲ. ಕಾರಣ ಸುಲಭ. ಗರಿಯ ಮೇಲೆ ಕಬ್ಬಿಣದ ಕಂಟದಿಂದ ಅಕ್ಷರ ಕೊರೆಯುತ್ತಾರೆ. ಆಮೇಲೆ ಗರಿಗೆ ಪೂರ್ತಿ ಮಸಿ ಸವರಿ ಒರೆಸುತ್ತಾರೆ. ಮಸಿ ಗೀರಿನೊಳಗೆ ಮಾತ್ರ ನಿಲ್ಲುತ್ತದೆ. ಹೀಗಿರುವಾಗ ಒಂದು ಅಕ್ಷರ ಕಪ್ಪು, ಒಂದು ಕೆಂಪು ಮಾಡುವುದು ಕಷ್ಟ. ಅದಕ್ಕೆ ಅಧ್ಯಾಯ ಮುಗಿದ ಕಡೆ ಜೋಡಿಗೆರೆ ಎಳೆದು, ಹೂವಿನಂಥ ಗುರುತು ಹಾಕುತ್ತಿದ್ದರು. ಕಾಗದಕ್ಕೆ ಲೇಖನಿ ಬಂದ ಮೇಲೆ ಎರಡು ದೌತಿ ಇಟ್ಟುಕೊಂಡು ಬರೆಯುವುದು ಸಾಧ್ಯವಾಯಿತು.

ಕಪ್ಪು ಶಾಯಿಯನ್ನು ದೀಪದ ಕಾಡಿಗೆಗೆ ಗೋಂದು ಬೆರೆಸಿ ಮಾಡುತ್ತಿದ್ದರು. ಕೆಂಪಿಗೆ ಅರಗು, ಕೆಮ್ಮಣ್ಣು ಅಥವಾ ಇಂಗಳೀಕ. ಇಂಗಳೀಕದಲ್ಲಿ ಪಾದರಸ ಮತ್ತು ಗಂಧಕ ಇರುತ್ತವೆ. ಆದ್ದರಿಂದ ಹಳೆಯ ಪುಸ್ತಕದ ಹಾಳೆಯನ್ನು ಬೆರಳಿಗೆ ಎಂಜಲು ಹಚ್ಚಿ ತಿರುವಬೇಡಿ!

ಬೇರೆ ದೇಶಗಳಲ್ಲಿ

ಈಜಿಪ್ಟಿನವರು 3000 ವರ್ಷಗಳಿಗೂ ಹಿಂದೆಯೇ ಪಪೈರಸ್ ಮೇಲೆ ತಲೆಬರಹಗಳನ್ನು ಕೆಂಪಿನಲ್ಲಿ ಬರೆದಿದ್ದಾರೆ. ಯೂರೋಪಿನ ಕೈಬರಹದ ಪುಸ್ತಕಗಳಲ್ಲಿ ಹೀಗೆ ಬರೆದದ್ದಕ್ಕೆ "ರೂಬ್ರಿಕ್" ಅನ್ನುತ್ತಾರೆ. ಲ್ಯಾಟಿನ್ ಭಾಷೆಯಲ್ಲಿ "ರೂಬ್ರಿಕಾ" ಅಂದರೆ ಕೆಮ್ಮಣ್ಣು. ಜರ್ಮನಿಯಲ್ಲಿ 1455ರ ಸುಮಾರಿಗೆ ಗುಟೆನ್‌ಬರ್ಗ್ ಬೈಬಲನ್ನು ಅಚ್ಚು ಹಾಕುವಾಗ ಮೊದಲ ಕೆಲವು ಪುಟಗಳ ತಲೆಬರಹವನ್ನು ಕೆಂಪಿನಲ್ಲಿ ಅಚ್ಚು ಮಾಡಿ ನೋಡಿದ. ಆಮೇಲೆ ಅದನ್ನು ಕೈಬಿಟ್ಟು ಜಾಗ ಖಾಲಿ ಬಿಟ್ಟ. ಕೆಂಪು ಬರೆಯುವ ಕಸುಬಿನವರು ಅದನ್ನು ಕೈಯಲ್ಲೇ ತುಂಬಿದರು. ಅದೇ ದೇಶದ ಮೈಂಟ್ಸ್ ಊರಿನಲ್ಲಿ 1457ರಲ್ಲಿ ಅಚ್ಚಾದ ಕೀರ್ತನೆಗಳ ಪುಸ್ತಕದಲ್ಲಿ ಕೆಂಪು, ಕಪ್ಪು ಎರಡನ್ನೂ ಅಚ್ಚಿನಲ್ಲೇ ತಂದರು.

ಅದು ಯಾಕೆ ಕಷ್ಟ ಅಂತ ನಮ್ಮ ಮಾವ ಹೇಳಿದರು. ಅವರು ಹಿಂದೆ ರಾಜಾಜಿನಗರದ ಒಂದು ಸಣ್ಣ ಪ್ರೆಸ್ಸಿನಲ್ಲಿ ಮೊಳೆ ಜೋಡಿಸುತ್ತಿದ್ದರು. "ಕಪ್ಪು ಹೊಡೆದಾದ್ಮೇಲೆ ರೋಲರ್ ತೊಳೆದು, ಕೆಂಪು ಇಂಕು ಹಚ್ಚಿ, ಅದೇ ಕಾಗದಾನ ಇನ್ನೊಂದ್ಸಲ ಕೊಡ್ಬೇಕು. ಕೂದಲೆಳೆ ಜರುಗಿದ್ರೂ ಕೆಂಪು ಹೋಗಿ ಕಪ್ಪಿನ ಮೇಲೆ ಕೂರುತ್ತೆ" ಅಂದರು. ನಮ್ಮ ಮನೆಯ ಕ್ಯಾಲೆಂಡರಿನ ಕೆಂಪು ಭಾನುವಾರಗಳ ಹಿಂದೆ ಇಷ್ಟೆಲ್ಲ ಕತೆ ಇದೆ ಅಂತ ನಾನು ಅಂದುಕೊಂಡೇ ಇರಲಿಲ್ಲ.

ಕೊನೆಯ ಹಾಳೆ

ಮುಖ್ಯವಾದ ಮಾತನ್ನು ಕೊನೆಗೆ ಇಟ್ಟುಕೊಂಡಿದ್ದೇನೆ. ನಮ್ಮ ಕಟ್ಟಿನ ಕೊನೆಯ ಹಾಳೆಯಲ್ಲಿ ನಾಲ್ಕು ಸಾಲು ಪೂರ್ತಿ ಕೆಂಪಾಗಿವೆ. ಮೇಷ್ಟ್ರು ಬಿಡಿಸಿ ಓದಿದರು. ಬರೆದವರ ಹೆಸರು, ಬಹುಧಾನ್ಯ ಸಂವತ್ಸರ, ಕಾರ್ತಿಕ ಮಾಸ ಅಂತ ಇದೆ. ತಪ್ಪಿದ್ದರೆ ತಿದ್ದಿಕೊಳ್ಳಿ ಅಂತ ಕೇಳಿಕೊಂಡಿದ್ದಾರೆ. ಸಂವತ್ಸರಗಳು 60 ವರ್ಷಕ್ಕೊಮ್ಮೆ ಮತ್ತೆ ಬರುತ್ತವೆ. ತಾತನ ತಾತನ ಕಾಲದ ಬಹುಧಾನ್ಯ ಅಂದರೆ 1878. ಅದರ ಹಿಂದಿನ ಎರಡು ವರ್ಷ ಧಾತು, ಈಶ್ವರ. ಮೈಸೂರು ಸೀಮೆಯಲ್ಲಿ ಲಕ್ಷಾಂತರ ಜನ ಅನ್ನವಿಲ್ಲದೆ, ರೋಗ ಬಂದು ಸತ್ತ ದೊಡ್ಡ ಬರದ ವರ್ಷಗಳು. ಆ ಬರ ದಾಟಿ ಬದುಕಿ ಉಳಿದವರು ಕೂತು ಇದನ್ನು ಬರೆದಿದ್ದಾರೆ!

ಇದನ್ನು ಓದಿ ಹೇಳಿದಾಗ ಅಜ್ಜಿ ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ಹೊಸ ಬಟ್ಟೆ ತಂದು ಕಟ್ಟನ್ನು ಸುತ್ತಿದರು. ಹೊಳೆಯ ಮಾತು ಮತ್ತೆ ಎತ್ತಿಲ್ಲ.

ನಿಮ್ಮ ಮನೆಯ ಅಟ್ಟದ ಮೇಲೂ ಇಂಥ ಕಟ್ಟು ಇರಬಹುದು. ಒಲೆಗೋ ಹೊಳೆಗೋ ಹಾಕುವ ಮುಂಚೆ ಕೊನೆಯ ಹಾಳೆಯನ್ನು ನೋಡಿ. 1905ರಲ್ಲಿ ಆರ್. ಶಾಮಶಾಸ್ತ್ರಿಗಳು ಮೈಸೂರಿನಲ್ಲಿ ಕೌಟಿಲ್ಯನ ಅರ್ಥಶಾಸ್ತ್ರವನ್ನು ಗುರುತಿಸಿದ್ದು, ಯಾರೋ ತಂದುಕೊಟ್ಟ ಅಂಥದೇ ಒಂದು ಓಲೆಗರಿ ಕಟ್ಟಿನಲ್ಲಿ. ಅದು ಇರುವ ಪ್ರಾಚ್ಯವಿದ್ಯಾ ಸಂಶೋಧನಾಲಯ ಮೈಸೂರಿನಲ್ಲಿ 1891ರಿಂದ ಇದೆ.

ಈ ಸಲವೂ ತಲೆಬರಹವನ್ನು ಕೆಂಪಿನಲ್ಲೇ ಬರೆದಿದ್ದೇನೆ. ತಪ್ಪಿದ್ದರೆ ಮೇಷ್ಟ್ರು ಕೆಂಪಿನಲ್ಲೇ ತಿದ್ದಲಿ.

– ಒಬ್ಬ ವಿದ್ಯಾರ್ಥಿನಿ, 9ನೇ ತರಗತಿ