ಕಣ್ಣು ಮಿಟುಕಿಸುವ ಹುಡುಗ ಮತ್ತು ನಾಗರಕಲ್ಲು

ಗೌರಿಬಿದನೂರಿನ ಹತ್ತಿರ, ಉತ್ತರ ಪಿನಾಕಿನಿ ದಂಡೆಯ ವಿದುರಾಶ್ವತ್ಥದಲ್ಲಿ ಎತ್ತ ನೋಡಿದರೂ ನಾಗರಕಲ್ಲು. ವಿದುರ ನೆಟ್ಟನೆಂದು ಜನ ನಂಬಿದ್ದ ಅರಳಿಮರ 2001ರಲ್ಲಿ ಉರುಳಿತು, ಹರಕೆ ನಿಲ್ಲಲಿಲ್ಲ. ಎಡೆಬಿಡದೆ ಕಣ್ಣು ಮಿಟುಕಿಸುವ ಏಳು ವರ್ಷದ ಹುಡುಗನನ್ನು ಇಲ್ಲಿಗೆ ಕರೆತಂದರೆಂದುಕೊಳ್ಳಿ. ಕಲ್ಲಿಗೆ ಅರಿಶಿನ ಕುಂಕುಮ ಹಚ್ಚಿ, ಹಾಲೆರೆದು ಹೋದ ಎರಡು ವಾರಕ್ಕೆ ಮಿಟುಕು ನಿಂತೇ ಹೋಗಬಹುದು. ಮೂರು ತಿಂಗಳಿಗೆ ಅದೇ ಹುಡುಗ ಭುಜ ಹಾರಿಸತೊಡಗುತ್ತಾನೆ.

ವೈದ್ಯರು ಇದನ್ನು ಟಿಕ್ ಎನ್ನುತ್ತಾರೆ. ಏರುವುದು, ಇಳಿಯುವುದು, ಒಂದು ಬಿಟ್ಟು ಇನ್ನೊಂದು ಹಿಡಿಯುವುದು ಅದರ ಗುಣ. ಮನೆಯವರು ಹರಕೆ ಹೊರುವುದೂ ಕಣ್ಣಿನ ಡಾಕ್ಟರ ಹತ್ತಿರ ಓಡುವುದೂ ಅದು ವಿಪರೀತಕ್ಕೆ ಹೋದಾಗಲೇ. ಆಮೇಲೆ ಅದು ತಾನಾಗಿಯೇ ಇಳಿಯುತ್ತದೆ, ಕೊನೆಗೆ ಮಾಡಿದ್ದಕ್ಕೆ ಹೆಸರು ಬರುತ್ತದೆ: ನಾಗಪ್ಪನಿಗೋ, ಡ್ರಾಪ್ಸಿಗೋ.

ಬರೀ ಚಲನೆ ಅಥವಾ ಬರೀ ಗಂಟಲಿನ ಸದ್ದು, 18 ವರ್ಷದೊಳಗೆ ಶುರುವಾಗಿ ಒಂದು ವರ್ಷ ದಾಟಿದರೆ ಅದು ದೀರ್ಘಕಾಲದ ಟಿಕ್. ಹಲವು ಚಲನೆಗಳ ಜೊತೆಗೆ ಸದ್ದೂ ಸೇರಿದರೆ ಟೂರೆಟ್ ಸಿಂಡ್ರೋಮ್. 1885ರಲ್ಲಿ ಒಂಬತ್ತು ರೋಗಿಗಳ ಬಗ್ಗೆ ಬರೆದ ಫ್ರಾನ್ಸಿನ ವೈದ್ಯನ ಹೆಸರದು. ಸಿನಿಮಾದಲ್ಲಿ ತೋರಿಸುವಂತೆ ಕೆಟ್ಟ ಮಾತು ಒದರುವವರು ಟೂರೆಟ್ ಇರುವವರಲ್ಲೂ ಹತ್ತಕ್ಕೆ ಒಬ್ಬಿಬ್ಬರು.

“ಬೇಕಂತಲೇ ಮಾಡ್ತಾನೆ, ಇಸ್ಕೂಲಲ್ಲಿ ಸುಮ್ನೇ ಇರ್ತಾನಲ್ಲ?” ಈ ಮಾತು ನ್ಯಾಯವೆನಿಸುತ್ತದೆ, ಆದರೆ ತಪ್ಪು. ಸೀನಿಗೆ ಮುಂಚೆ ಮೂಗು ತುರಿಸುವಂತೆ, ಟಿಕ್ಕಿಗೆ ಮುಂಚೆ ಒಂದು ತುಡಿತ. ಮಾಡಿದರೆ ಕ್ಷಣ ಹೊತ್ತು ಹಗುರ. ಮೇಷ್ಟ್ರ ಎದುರು ಹಲ್ಲುಕಚ್ಚಿ ತಡೆದ ಹುಡುಗ ಮನೆಗೆ ಬಂದು ಬ್ಯಾಗು ಬಿಸಾಡುತ್ತಲೇ ಬಿಟ್ಟುಬಿಡುತ್ತಾನೆ. ತಡೆಯುವುದರಲ್ಲೇ ಗಮನ ಹೋದರೆ ಲೆಕ್ಕ ತಲೆಗೆ ಹತ್ತೀತು ಹೇಗೆ?

ಯಾವ ಚಲನೆ ಬಿಡಬೇಕು, ಯಾವುದು ತಡೆಯಬೇಕು ಎಂಬುದರಲ್ಲಿ ಮಿದುಳಿನಾಳದ ಬೇಸಲ್ ಗ್ಯಾಂಗ್ಲಿಯಾದ ಪಾತ್ರ ದೊಡ್ಡದು. ಕೆರೆಗಳ ಈ ಸೀಮೆಯಲ್ಲಿ ತೂಬು ಎಂದರೆ ಸಾಕು. ತೂಬು ಕೊಂಚ ಸೋರಿದರೆ ಬೇಡದ್ದೂ ಹರಿಯುತ್ತದೆ. ವಂಶದ ಪಾಲೂ ಇದೆ, ಟಿಕ್ ಹುಡುಗರಲ್ಲಿ ಹೆಚ್ಚು.

ಸಾಮಾನ್ಯವಾಗಿ 10ರಿಂದ 12ರ ವಯಸ್ಸಿನಲ್ಲಿ ಜೋರಾಗಿ, ಆಮೇಲೆ ಬಹಳ ಮಕ್ಕಳಲ್ಲಿ ತಗ್ಗುತ್ತದೆ. ನೋವು, ಅವಮಾನ ಮಿತಿಮೀರಿದರೆ ಕ್ಲೋನಿಡಿನ್‌ನಂಥ ಔಷಧಿ ಇದೆ. ಬೆಂಗಳೂರಿನ ನಿಮ್ಹಾನ್ಸ್ ದೂರವಿಲ್ಲ, ವಿಚಾರಿಸಲು ಟೆಲಿ ಮಾನಸ್‌ನ 14416 ಇದೆ. ಅದಕ್ಕೂ ಮೊದಲು ಒಂದು ತರಬೇತಿ. ಭುಜ ಹಾರುವ ತುಡಿತ ಬಂತೋ, ಮೊಣಕೈಯನ್ನು ಪಕ್ಕೆಗೆ ಒತ್ತಿ ಹಿಡಿದು ತುಡಿತ ಕರಗುವ ತನಕ ಕಾಯಬೇಕು. ಮೊದಮೊದಲು ಅದು ಹುಡುಗನಿಗೆ ಬಲು ಕಷ್ಟ. ಪಕ್ಕದಲ್ಲಿ ಕೂತು ಏನೂ ಅನ್ನದೇ ಇರುವುದು ಅಮ್ಮನಿಗೆ ಇನ್ನೂ ಕಷ್ಟ.