ನೀರಿಗೆ ಪಂಪಿಲ್ಲ, ಇಳಿಜಾರೇ ದಾರಿ

ಬೇಸಿಗೆ ಬಂತೆಂದರೆ ಬೀದರ, ಭಾಲ್ಕಿ, ಔರಾದಿನ ಮನೆಗಳಲ್ಲಿ ಮಾವಿನ ಉಪ್ಪಿನಕಾಯಿಯ ಗಡಿಬಿಡಿ. ಕಾಯಿ ತೊಳೆದು, ಒಂದು ಹನಿ ನೀರೂ ಉಳಿಯದಂತೆ ಬಟ್ಟೆಯಲ್ಲಿ ಒರೆಸಿ, ಹೋಳು ಮಾಡಿ, ಉಪ್ಪು ಬೆರೆಸಿ ಭರಣಿಗೆ ತುಂಬುತ್ತಾರೆ. ಎರಡು ದಿನ ಬಿಟ್ಟು ಮುಚ್ಚಳ ತೆಗೆದರೆ ಹೋಳುಗಳು ನೀರಿನಲ್ಲಿ ಮುಳುಗಿರುತ್ತವೆ!

ಮಕ್ಕಳೇ, ಈ ನೀರನ್ನು ಯಾರು ಹಾಕಿದರು? ಅಜ್ಜಿಯನ್ನು ಕೇಳಿ ನೋಡಿ. “ಉಪ್ಪು ನೀರು ಬಿಡಿಸ್ತದಪ್ಪಾ” ಎನ್ನುತ್ತಾರೆ. ಅಜ್ಜಿಯ ಮಾತು ನೂರಕ್ಕೆ ನೂರು ಸರಿ. ಆದರೆ ಉಪ್ಪಿಗೆ ಕೈಯಿಲ್ಲ, ಹಿಂಡುವುದಕ್ಕೆ ಬರುವುದಿಲ್ಲ. ಹಾಗಿದ್ದರೆ ಕಾಯಿಯೊಳಗಿನ ನೀರು ತಾನಾಗಿ ಹೊರಗೆ ಬಂದದ್ದು ಹೇಗೆ? ಇದನ್ನು ತಿಳಿದುಕೊಂಡರೆ ವಾಂತಿ-ಭೇದಿಯಾದ ಮಗುವಿಗೆ ಏನು ಕುಡಿಸಬೇಕು, ಎಷ್ಟು ಅಳತೆಯಲ್ಲಿ ಕುಡಿಸಬೇಕು ಎಂಬುದೂ ತಿಳಿಯುತ್ತದೆ.

ಪೊರೆಯ ಗೋಡೆ

ನಮ್ಮ ದೇಹದಲ್ಲಿ ಸುಮಾರು 30 ಲಕ್ಷ ಕೋಟಿ ಜೀವಕೋಶಗಳಿವೆ. ಮಾವಿನಕಾಯಿ, ತೊಗರಿ ಗಿಡ, ಮನೆಯ ಎಮ್ಮೆ ಎಲ್ಲವೂ ಇಂಥ ಕೋಶಗಳಿಂದಲೇ ಆದವು. ಪ್ರತಿ ಕೋಶಕ್ಕೂ ಒಂದು ಪೊರೆಯುಂಟು. ಹತ್ತು ಸಾವಿರ ಪೊರೆಗಳನ್ನು ಒಂದರ ಮೇಲೊಂದು ಇಟ್ಟರೆ ಒಂದು ತಲೆಗೂದಲಿನಷ್ಟು ದಪ್ಪವಾದೀತು, ಅಷ್ಟು ತೆಳು. ಇದು ಮುಖ್ಯವಾಗಿ ಕೊಬ್ಬಿನ ಅಣುಗಳಿಂದ ಆದದ್ದು. ನಡುನಡುವೆ ಪ್ರೋಟೀನಿನ ಬಾಗಿಲುಗಳಿವೆ.

ಈ ಪೊರೆ ಎಲ್ಲವನ್ನೂ ಒಳಗೆ ಬಿಡುವುದಿಲ್ಲ. ಆಮ್ಲಜನಕ, ಇಂಗಾಲದ ಡೈಆಕ್ಸೈಡ್‌ನಂಥ ಸಣ್ಣ ಅಣುಗಳು ಕೊಬ್ಬಿನ ನಡುವೆಯೇ ನುಸುಳಿ ಹೋಗುತ್ತವೆ. ದೇವರ ಮನೆಯಲ್ಲಿ ಹಚ್ಚಿದ ಊದಿನಕಡ್ಡಿಯ ವಾಸನೆ ಯಾರೂ ಹೊತ್ತು ತರದಿದ್ದರೂ ಪಡಸಾಲೆಯವರೆಗೆ ಬರುತ್ತದಲ್ಲ, ಹಾಗೆ. ಹೆಚ್ಚು ಇರುವ ಕಡೆಯಿಂದ ಕಡಿಮೆ ಇರುವ ಕಡೆಗೆ ಅಣುಗಳು ತಾವಾಗಿ ಹರಡಿಕೊಳ್ಳುವುದಕ್ಕೆ ‘ವಿಸರಣೆ’ ಎಂದು ಹೆಸರು. ನೀವು ಉಸಿರೆಳೆದಾಗ ಆಮ್ಲಜನಕ ಶ್ವಾಸಕೋಶದಿಂದ ರಕ್ತಕ್ಕೆ ದಾಟುವುದೂ ಹೀಗೆಯೇ.

ನೀರಿನ ಕಥೆಯೂ ಇಂಥದೇ. ಉಪ್ಪು, ಸಕ್ಕರೆ ಕಡಿಮೆ ಕರಗಿರುವ ಕಡೆ ನೀರಿನ ಪಾಲು ಹೆಚ್ಚು. ಹೆಚ್ಚು ಕರಗಿರುವ ಕಡೆ ನೀರಿನ ಪಾಲು ಕಡಿಮೆ. ಆದ್ದರಿಂದ ಪೊರೆಯನ್ನು ದಾಟಿ ನೀರು ಉಪ್ಪು ಹೆಚ್ಚಿರುವ ಕಡೆಗೆ ಹೋಗುತ್ತದೆ. ಇದೇ ‘ಅಭಿಸರಣೆ’. ಹೋಳಿನ ಹೊರಗೆ ಉಪ್ಪು ಹೆಚ್ಚಾಯಿತು, ಒಳಗಿನ ನೀರು ಹೊರಗೆ ಬಂತು. ಉಪ್ಪಿನಕಾಯಿ ವರ್ಷವಿಡೀ ಕೆಡದಿರುವ ಗುಟ್ಟೂ ಬಹುಪಾಲು ಇಲ್ಲೇ ಇದೆ. ಭರಣಿಗೆ ಬಿದ್ದ ಸೂಕ್ಷ್ಮಜೀವಿಯ ಕೋಶದಿಂದಲೂ ಉಪ್ಪು ನೀರನ್ನು ಸೆಳೆದುಬಿಡುತ್ತದೆ. ನೀರಿಲ್ಲದೆ ಅದು ಬೆಳೆಯಲಾರದು.

ನೌಬಾದಿನ ಕರೇಜು ಹೇಳುವ ಪಾಠ

ಇದನ್ನು ಕಣ್ಣಾರೆ ಕಂಡ ಹಾಗೆ ಅರ್ಥ ಮಾಡಿಕೊಳ್ಳಲು ಬೀದರಿನವರು ದೂರ ಹೋಗಬೇಕಿಲ್ಲ. ಊರ ಪಕ್ಕದ ನೌಬಾದಿನಲ್ಲಿ ಕರೇಜು ಇದೆ. ಕೆಲವರು ಸುರಂಗ ಬಾವಿ ಎನ್ನುತ್ತಾರೆ. 15ನೇ ಶತಮಾನದಲ್ಲಿ ಬಹಮನಿ ಸುಲ್ತಾನ ಅಹ್ಮದ್ ಷಾ ರಾಜಧಾನಿಯನ್ನು ಕಲಬುರಗಿಯಿಂದ ಬೀದರಿಗೆ ತಂದ. ಬಹಮನಿಗಳ ಕಾಲದಲ್ಲಿ ಇರಾನಿನಿಂದ ಬಂದ ವಿದ್ಯೆಯಿಂದ ನೆಲದಡಿಯಲ್ಲಿ ಈ ನೀರಿನ ದಾರಿಯನ್ನು ಕೊರೆದರು.

ಬೀದರ ಕುಳಿತಿರುವುದು ಕೆಂಪು ಜಂಬಿಟ್ಟಿಗೆ ಕಲ್ಲಿನ ಎತ್ತರದ ಬಯಲಿನ ಮೇಲೆ. ಆ ಕಲ್ಲಿನ ತುಂಬ ಸಣ್ಣ ಸಣ್ಣ ತೂತುಗಳು. ಮಳೆಯ ನೀರು ಅವುಗಳಲ್ಲಿ ಇಳಿದು ನೆಲದೊಳಗೆ ಸೇರುತ್ತದೆ. ಗುರುನಾನಕ ಝೀರಾದಲ್ಲಿ, ಝರಣಿ ನರಸಿಂಹನ ಗುಹೆಯಲ್ಲಿ ನೀರು ಒಸರುವುದನ್ನು ನೀವು ನೋಡಿರಬಹುದು. ಕರೇಜು ಕಟ್ಟಿದವರು ಮಾಡಿದ್ದಿಷ್ಟೆ: ನೆಲದೊಳಗಿನ ನೀರಿಗೆ ಒಂದು ಸುರಂಗ ತೋಡಿ, ಅದಕ್ಕೆ ಬಹಳ ನಯವಾದ ಇಳಿಜಾರು ಕೊಟ್ಟರು. ಗಾಳಿ-ಬೆಳಕಿಗೆ, ಹೂಳು ತೆಗೆಯುವುದಕ್ಕೆ ಮೇಲಿನಿಂದ ಬಾವಿಗಳ ಸಾಲು ಬಿಟ್ಟರು. ಎತ್ತು ಇಲ್ಲ, ಕಪಿಲೆ ಇಲ್ಲ, ಕರೆಂಟು ಇಲ್ಲ. ಇಳಿಜಾರು ಇದೆ, ದಾರಿ ಇದೆ, ನೀರು ಹರಿಯುತ್ತದೆ.

ಜೀವಕೋಶದಲ್ಲಿಯೂ ನೀರನ್ನು ಎತ್ತುವ ಪಂಪು ಇಲ್ಲ. ಇಲ್ಲಿ ಇಳಿಜಾರು ಎಂದರೆ ನೆಲದ ಏರುಪೇರು ಅಲ್ಲ. ಪೊರೆಯ ಈಚೆಗೂ ಆಚೆಗೂ ಕರಗಿರುವ ಉಪ್ಪು, ಸಕ್ಕರೆಯ ವ್ಯತ್ಯಾಸ. ಸುರಂಗವೂ ಇದೆ! ಪೊರೆಯಲ್ಲಿ ನೀರಿಗೆಂದೇ ಇರುವ ಪ್ರೋಟೀನಿನ ಕಾಲುವೆಯನ್ನು ಅಮೆರಿಕದ ಪೀಟರ್ ಆಗ್ರೆ ಮತ್ತು ಸಂಗಡಿಗರು 1992ರಲ್ಲಿ ತೋರಿಸಿಕೊಟ್ಟರು. ಅದರ ಹೆಸರು ಅಕ್ವಾಪೋರಿನ್. ಅಂಥ ಒಂದು ಕಾಲುವೆಯಲ್ಲಿ ಸೆಕೆಂಡಿಗೆ ಸುಮಾರು 300 ಕೋಟಿ ನೀರಿನ ಅಣುಗಳು ದಾಟಬಲ್ಲವು. ಆಗ್ರೆ ಅವರಿಗೆ 2003ರಲ್ಲಿ ನೊಬೆಲ್ ಪ್ರಶಸ್ತಿ ಬಂತು. ಆದರೆ ಕಾಲುವೆ ಎಷ್ಟೇ ಚೆನ್ನಾಗಿದ್ದರೂ ನೀರು ಯಾವ ಕಡೆ ಹೋಗಬೇಕೆಂಬುದನ್ನು ತೀರ್ಮಾನಿಸುವುದು ಇಳಿಜಾರು ಮಾತ್ರ.

ಹೊಲಕ್ಕೂ ಇದೇ ಲೆಕ್ಕ. ಬೇರಿಗೆ ತಾಗುವ ಹಾಗೆ ಗೊಬ್ಬರವನ್ನು ಅಳತೆ ಮೀರಿ ಹಾಕಿದರೆ ಸಸಿ ಸುಟ್ಟಂತಾಗುತ್ತದೆ ಎಂದು ರೈತರು ಹೇಳುತ್ತಾರೆ. ಗೊಬ್ಬರವೂ ಒಂದು ಬಗೆಯ ಉಪ್ಪೇ. ಮಣ್ಣಿನಲ್ಲಿ ಅದು ಹೆಚ್ಚಾದರೆ ಬೇರು ನೀರು ಹೀರುವ ಬದಲು ಇದ್ದ ನೀರನ್ನೂ ಕಳೆದುಕೊಳ್ಳುತ್ತದೆ.

ಹಿರಿಯರಿಗೆ ಒಂದು ಮಾತು

ಸಕ್ಕರೆಯ ಅಣು ದೊಡ್ಡದು. ಕೊಬ್ಬಿನ ಪೊರೆಯಲ್ಲಿ ನುಸುಳಲಾರದು, ಅದಕ್ಕೆ ಬಾಗಿಲು ಬೇಕು. ನಮ್ಮ ಸ್ನಾಯುಗಳ ಕೋಶಗಳಲ್ಲಿ ಈ ಬಾಗಿಲುಗಳು ಬಹುಪಾಲು ಒಳಗೇ ಮಡಚಿಟ್ಟಂತೆ ಇರುತ್ತವೆ. ಇನ್ಸುಲಿನ್ ಬಂದು ತಿಳಿಸಿದಾಗ ಪೊರೆಗೆ ಬಂದು ಕೂಡುತ್ತವೆ. ಆಗ ರಕ್ತದಲ್ಲಿ ಹೆಚ್ಚಿರುವ ಸಕ್ಕರೆ ತಾನಾಗಿ ಒಳಗೆ ಇಳಿಯುತ್ತದೆ. ಸಕ್ಕರೆ ಕಾಯಿಲೆಯಲ್ಲಿ ಇನ್ಸುಲಿನ್ ಸಾಲದು, ಇಲ್ಲವೆ ಅದರ ಮಾತು ಕೋಶಕ್ಕೆ ಸರಿಯಾಗಿ ಕೇಳಿಸದು. ರಕ್ತದ ತುಂಬ ಸಕ್ಕರೆ, ಕೋಶಕ್ಕೆ ಉಪವಾಸ!

ವೈದ್ಯರು “ದಿನಾ ನಡೆಯಿರಿ” ಎನ್ನುವುದು ಸುಮ್ಮನೆ ಅಲ್ಲ. ಕಾಲು ದುಡಿದಾಗ ಇನ್ಸುಲಿನ್ ಹೇಳದಿದ್ದರೂ ಆ ಬಾಗಿಲುಗಳಲ್ಲಿ ಹಲವು ಪೊರೆಗೆ ಬರುತ್ತವೆ. ಇನ್ನು ಸಕ್ಕರೆ ಬಹಳ ಏರಿದಾಗ ಪದೇ ಪದೇ ಮೂತ್ರ, ಆರದ ಬಾಯಾರಿಕೆ ಏಕೆ? ಸಕ್ಕರೆ ಮೂತ್ರಕ್ಕೆ ಸೋರುತ್ತದೆ, ನೀರು ಅದರ ಹಿಂದೆಯೇ ಹೋಗುತ್ತದೆ. ಭರಣಿಯಲ್ಲಿ ನಡೆದದ್ದೇ ಇಲ್ಲಿಯೂ ನಡೆಯುತ್ತದೆ. ಮಕ್ಕಳೇ, ಸಂಜೆ ಮುತ್ಯಾನ ಕೈಹಿಡಿದು ಸ್ವಲ್ಪ ನಡೆದು ಬನ್ನಿ.

ವಾಂತಿ-ಭೇದಿಗೆ ಬರೀ ನೀರು ಏಕೆ ಸಾಲದು?

ಬಿಸಿಲುಗಾಲದಲ್ಲಿ, ಮೊದಲ ಮಳೆಯ ದಿನಗಳಲ್ಲಿ ವಾಂತಿ-ಭೇದಿ ಹೆಚ್ಚು. “ಭೇದಿಯಾದಾಗ ನೀರು ಕೊಡಬಾರದು, ಕೊಟ್ಟರೆ ಇನ್ನೂ ಹೆಚ್ಚಾಗುತ್ತದೆ” ಎಂಬ ಮಾತು ಕೆಲವು ಮನೆಗಳಲ್ಲಿ ಇನ್ನೂ ಇದೆ. ಇದು ಜೀವಕ್ಕೆ ಅಪಾಯ ತರುವ ಮಾತು. ಮಗುವನ್ನು ಸೊರಗಿಸುವುದೇ ನೀರು ಹೋಗುವುದು.

ಕಾಲರಾದಂಥ ರೋಗದಲ್ಲಿ ರೋಗಾಣುವಿನ ವಿಷ ಕರುಳಿನ ಕೋಶಗಳಿಂದ ಉಪ್ಪಿನಂಶವನ್ನು ಕರುಳೊಳಗೆ ಸುರಿಯುವಂತೆ ಮಾಡುತ್ತದೆ. ಉಪ್ಪಿನ ಹಿಂದೆ ನೀರು. ಹಾಗಾದರೆ ನೀರನ್ನು ಮರಳಿ ಒಳಗೆ ತರುವುದು ಹೇಗೆ? ಪಂಪಿಲ್ಲವಲ್ಲ. ಉಪಾಯ ಒಂದೇ: ಉಪ್ಪನ್ನು ಒಳಗೆ ಕಳುಹಿಸಬೇಕು, ನೀರು ತಾನೇ ಹಿಂಬಾಲಿಸುತ್ತದೆ.

ಕರುಳಿನ ಪೊರೆಯಲ್ಲಿ ಒಂದು ವಿಶೇಷ ಬಾಗಿಲಿದೆ. ಉಪ್ಪಿನ ಸೋಡಿಯಂ ಮತ್ತು ಗ್ಲೂಕೋಸ್ ಜೋಡಿಯಾಗಿ ಬಂದರೆ ಮಾತ್ರ ಅದು ಒಳಗೆ ಬಿಡುತ್ತದೆ. ಇದನ್ನು ರಾಬರ್ಟ್ ಕ್ರೇನ್ ಎಂಬ ವಿಜ್ಞಾನಿ 1960ರಲ್ಲಿ ವಿವರಿಸಿದರು. ಹಾಗೆ ಬಂದ ಸೋಡಿಯಮ್ಮನ್ನು ಕೋಶದಿಂದ ರಕ್ತದ ಕಡೆಗೆ ತಳ್ಳುವ ಪಂಪಿಗೆ ಶಕ್ತಿ ಬೇಕು. ಹಿಂದೆ ಬರುವ ನೀರಿಗೆ ಬೇಡ. ಸಂತಸದ ಸಂಗತಿ ಎಂದರೆ, ಕಾಲರಾ ಬಂದಾಗಲೂ ಈ ಜೋಡಿ ಬಾಗಿಲು ಕೆಲಸ ಬಿಡುವುದಿಲ್ಲ.

1971ರಲ್ಲಿ ಬಾಂಗ್ಲಾದೇಶದ ಯುದ್ಧದ ಹೊತ್ತಿಗೆ ಲಕ್ಷಾಂತರ ಜನ ನಿರಾಶ್ರಿತರಾಗಿ ಪಶ್ಚಿಮ ಬಂಗಾಳಕ್ಕೆ ಬಂದರು. ಬನಗಾಂವ್ ಶಿಬಿರದಲ್ಲಿ ಕಾಲರಾ ಹಬ್ಬಿತು. ನರಕ್ಕೆ ಕೊಡುವ ಸಲೈನ್ ಮುಗಿಯುತ್ತ ಬಂತು. ಆಗ ಡಾ. ದಿಲೀಪ್ ಮಹಲನಬೀಸ್ ಉಪ್ಪು, ಗ್ಲೂಕೋಸ್, ಅಡುಗೆ ಸೋಡಾ ಅಳೆದು ಪೊಟ್ಟಣ ಕಟ್ಟಿಸಿದರು. ನೀರಿನಲ್ಲಿ ಕರಗಿಸಿ ಡ್ರಮ್ಮುಗಳಲ್ಲಿ ಇಟ್ಟರು. ರೋಗಿಗಳ ಮನೆಯವರೇ ಕುಡಿಸಿದರು. ನೂರಕ್ಕೆ ಸುಮಾರು 30 ಇದ್ದ ಸಾವು 4ಕ್ಕಿಂತ ಕೆಳಗೆ ಇಳಿಯಿತು. 2022ರಲ್ಲಿ ತೀರಿಕೊಂಡ ಅವರಿಗೆ ಮರುವರ್ಷ ಪದ್ಮವಿಭೂಷಣ ಸಂದಿತು. ಇಂದು ಆಶಾ ಕಾರ್ಯಕರ್ತೆಯರು ಮನೆಗೆ ತಂದುಕೊಡುವ ಓ.ಆರ್.ಎಸ್. ಪೊಟ್ಟಣದ ಹಿಂದಿನ ಕಥೆ ಇದು.

ಅಳತೆ ತಪ್ಪಿದರೆ

ಒಂದು ಲೀಟರಿನ ಪೊಟ್ಟಣದಲ್ಲಿ ಒಟ್ಟು 20.5 ಗ್ರಾಂ ಪುಡಿ ಇರುತ್ತದೆ. ಅದರಲ್ಲಿ ಗ್ಲೂಕೋಸ್ 13.5 ಗ್ರಾಂ, ಉಪ್ಪು 2.6 ಗ್ರಾಂ. ಇದನ್ನು ಪೂರ್ತಿ ಒಂದು ಲೀಟರ್ ನೀರಿಗೇ ಹಾಕಬೇಕು. “ಗಟ್ಟಿಯಾಗಿದ್ದರೆ ಬೇಗ ವಾಸಿಯಾಗುತ್ತದೆ” ಎಂದು ಒಂದೇ ಲೋಟಕ್ಕೆ ಸುರಿದರೆ ಇಳಿಜಾರು ತಿರುಗಿಬಿಡುತ್ತದೆ. ಮಗುವಿನ ಮೈಯ ನೀರು ಕರುಳಿಗೆ ಬರುತ್ತದೆ, ಭೇದಿ ಹೆಚ್ಚುತ್ತದೆ. ಬಾಟಲಿಯ ಕೂಲ್‌ಡ್ರಿಂಕಿನಲ್ಲಿ ಲೀಟರಿಗೆ ಸುಮಾರು 100 ಗ್ರಾಂ ಸಕ್ಕರೆ ಇರುವುದರಿಂದ ಅದೂ ಬೇಡ. ತೀರ ನೀರಾಗಿ ಕಲಸಿದರೆ ಉಪ್ಪು ಸಾಲದು. ಸಣ್ಣ ಪೊಟ್ಟಣಗಳೂ ಅಂಗಡಿಯಲ್ಲಿ ಸಿಗುತ್ತವೆ. ಎಷ್ಟು ನೀರಿಗೆ ಎಂದು ಮೇಲೆ ಬರೆದಿರುತ್ತಾರೆ. ಅಜ್ಜಿಗೆ ಅಕ್ಷರ ಸಣ್ಣದಾಗಿ ಕಂಡರೆ ಓದಿ ಹೇಳುವ ಕೆಲಸ ಮಕ್ಕಳದು.

ಪೊಟ್ಟಣ ಇಲ್ಲದಿದ್ದರೆ ಕಾಯಿಸಿ ಆರಿಸಿದ ಒಂದು ಲೀಟರ್ ನೀರಿಗೆ ಆರು ಸಣ್ಣ ಚಮಚ ಸಕ್ಕರೆ, ಅರ್ಧ ಸಣ್ಣ ಚಮಚ ಉಪ್ಪು. ಚಮಚವನ್ನು ಗೋಪುರ ಮಾಡದೆ ಸಮ ಮಾಡಿ ಅಳೆಯಿರಿ. ಗುಟುಕು ಗುಟುಕಾಗಿ ಕುಡಿಸಿ. ವಾಂತಿಯಾದರೆ ಹತ್ತು ನಿಮಿಷ ತಡೆದು ಮತ್ತೆ ನಿಧಾನವಾಗಿ ಕೊಡಿ. ಎದೆಹಾಲು, ಊಟ ನಿಲ್ಲಿಸಬೇಡಿ. ಕಲಸಿದ್ದು 24 ಗಂಟೆ ದಾಟಿದರೆ ಚೆಲ್ಲಿ.

ಮಗುವಿನ ಕಣ್ಣು ಗುಳಿಬಿದ್ದರೆ, ಮೂತ್ರ ನಿಂತರೆ, ಮಂಕಾಗಿ ಮಲಗಿದರೆ, ಕುಡಿಯಲಾಗದಿದ್ದರೆ, ಮಲದಲ್ಲಿ ರಕ್ತ ಕಂಡರೆ ಕಾಯಬಾರದು, ಕೂಡಲೇ ಆಸ್ಪತ್ರೆಗೆ ಒಯ್ಯಬೇಕು. ಸಕ್ಕರೆ, ಬಿ.ಪಿ., ಮೂತ್ರಪಿಂಡದ ತೊಂದರೆ ಇರುವ ಹಿರಿಯರು ವೈದ್ಯರನ್ನು ಕೇಳಿ ಕುಡಿಯಿರಿ.

ಮಾಡಿ ನೋಡಿ

ಬೇಕಾದದ್ದು: ಒಂದು ಆಲೂಗಡ್ಡೆ, ಎರಡು ಬಟ್ಟಲು, ಉಪ್ಪು, ನೀರು.

ಆಲೂಗಡ್ಡೆಯನ್ನು ಬೆರಳಿನಷ್ಟು ಉದ್ದದ ತುಂಡುಗಳಾಗಿ ದೊಡ್ಡವರಿಂದ ಕತ್ತರಿಸಿಕೊಳ್ಳಿ. ಎರಡೂ ಬಟ್ಟಲಿಗೆ ಒಂದೊಂದು ಲೋಟ ನೀರು ಹಾಕಿ. ಒಂದಕ್ಕೆ ಮಾತ್ರ ಮೂರು ಚಮಚ ಉಪ್ಪು ಕರಗಿಸಿ. ತುಂಡುಗಳನ್ನು ಹಂಚಿ ಹಾಕಿ ಎರಡು ಗಂಟೆ ಬಿಡಿ. ಆಮೇಲೆ ಬಗ್ಗಿಸಿ ನೋಡಿ. ಬರೀ ನೀರಿನಲ್ಲಿದ್ದದ್ದು ಗಟ್ಟಿಯಾಗಿ ಟಕ್ಕೆಂದು ಮುರಿಯುತ್ತದೆ. ಉಪ್ಪುನೀರಿನದು ಮೆತ್ತಗಾಗಿ ಬಾಗುತ್ತದೆ.

ನೀರು ಯಾವ ಬಟ್ಟಲಿನಲ್ಲಿ ಒಳಗೆ ಹೋಯಿತು, ಯಾವುದರಲ್ಲಿ ಹೊರಗೆ ಬಂತು? ಉತ್ತರವನ್ನು ಮೊದಲು ನೀವು ಹೇಳಿ. ಆಮೇಲೆ ಅಜ್ಜಿಯನ್ನು ಕೇಳಿ.