ಡೊಂಬಿವಲಿಯ ಹೆಸರಲ್ಲೊಂದು ಲೆಕ್ಕ



ಭಿವಂಡಿಯಿಂದ ಕಲ್ಯಾಣಕ್ಕೆ ಬಂದು ಮುಂಬೈ ಕಡೆಯ ಸ್ಲೋ ಲೋಕಲ್ ಹತ್ತಿದರೆ, ಠಾಕುರ್ಲಿ ಆದ ಮೇಲೆ ಸಿಗುವುದು ಡೊಂಬಿವಲಿ. ನಾವು ದಿನಾ ನೂಕುನುಗ್ಗಲಲ್ಲಿ ಇಳಿದು ಹತ್ತುವ ಈ ಸ್ಟೇಷನ್ನಿನ ಹೆಸರು ಗಣಿತದಲ್ಲೂ ಇದೆ ಎಂದರೆ ನಂಬುತ್ತೀರಾ? ಹಿಂದೆ ಇದನ್ನು ಡೆಮ್ಲೊ ಎನ್ನುತ್ತಿದ್ದರು. ಇಲ್ಲಿ ಹೊಳೆದ ಲೆಕ್ಕವೊಂದಕ್ಕೆ 'ಡೆಮ್ಲೊ ಸಂಖ್ಯೆ' ಎಂದೇ ಹೆಸರಿಟ್ಟವರು ದತ್ತಾತ್ರೇಯ ರಾಮಚಂದ್ರ ಕಾಪ್ರೇಕರ್.

11ನ್ನು 11ರಿಂದ ಗುಣಿಸಿ: 121. 111ನ್ನು 111ರಿಂದ ಗುಣಿಸಿ: 12321. ಮೆಟ್ಟಿಲು ಹತ್ತಿ ಇಳಿದಂತಿರುವ ಇವು ಡೆಮ್ಲೊ ಸಂಖ್ಯೆಗಳಲ್ಲೇ ಚೆಂದದವು.

ಕಾಪ್ರೇಕರ್ ಹುಟ್ಟಿದ್ದು 1905ರಲ್ಲಿ, ಆಗ ಠಾಣೆ ಜಿಲ್ಲೆಯಲ್ಲಿದ್ದ ಡಹಾಣೂವಿನಲ್ಲಿ. ತಂದೆ ಗುಮಾಸ್ತರು. ಶಾಲೆ ಠಾಣೆಯಲ್ಲಿ, ಕಾಲೇಜು ಪುಣೆಯ ಫರ್ಗ್ಯುಸನ್‌ನಲ್ಲಿ. 1929ರಲ್ಲಿ ಪದವಿ ಪಡೆದರು. ಅಲ್ಲಿಗೆ ಓದು ಮುಗಿಯಿತು. ಎಂ.ಎಸ್ಸಿ. ಇಲ್ಲ, ಪಿಎಚ್.ಡಿ. ಇಲ್ಲ. 1930ರಿಂದ 1962ರವರೆಗೆ ನಾಸಿಕ್ ಬಳಿಯ ದೇವಳಾಲಿಯಲ್ಲಿ ಶಾಲಾ ಮೇಷ್ಟ್ರು. ಮುಂದಿನ ಗಣಿತವನ್ನೆಲ್ಲ ತಾವೇ ಕಲಿತದ್ದು, ತಾವೇ ಕಂಡದ್ದು.

ಅವರ ಹೆಸರು ಉಳಿದದ್ದು 1949ರಲ್ಲಿ ಕಂಡುಕೊಂಡ 6174ರಿಂದ. ಪೆನ್ಸಿಲ್ ತೆಗೆದುಕೊಳ್ಳಿ. ಅವರು ನಿವೃತ್ತರಾದ ವರ್ಷ 1962 ಅಲ್ಲವೇ? ಅದರ ಅಂಕಿಗಳನ್ನು ದೊಡ್ಡದರಿಂದ ಚಿಕ್ಕದಕ್ಕೆ ಜೋಡಿಸಿ: 9621. ತಿರುಗಿಸಿ: 1269. ಕಳೆಯಿರಿ: 8352. ಮತ್ತೆ ಹಾಗೆಯೇ 8532ರಿಂದ 2358 ಕಳೆಯಿರಿ: 6174. ಇನ್ನು ಎಷ್ಟು ಸಲ ಮಾಡಿದರೂ ಬರುವುದು 6174ಏ! ನಾಲ್ಕೂ ಅಂಕಿ ಒಂದೇ ಆಗಿರದ ಯಾವುದೇ ನಾಲ್ಕಂಕಿ ಸಂಖ್ಯೆ ಹೆಚ್ಚೆಂದರೆ ಏಳು ಸಲದಲ್ಲಿ ಇಲ್ಲಿಗೇ ಬಂದು ನಿಲ್ಲುತ್ತದೆ. ಉತ್ತರ ಮೂರಂಕಿ ಬಂದರೆ ಮುಂದೊಂದು ಸೊನ್ನೆ ಹಾಕಿಕೊಳ್ಳಿ, ಅಷ್ಟೇ.

ಇದು ಮಾಯೆಯಲ್ಲ. ಉತ್ತರವನ್ನು ನಿರ್ಧರಿಸುವುದು ಎರಡೇ ಅಂತರಗಳು: ಅತಿ ದೊಡ್ಡ ಅಂಕಿಗೂ ಅತಿ ಚಿಕ್ಕದಕ್ಕೂ ಇರುವುದು ಒಂದು, ನಡುವಿನ ಎರಡಕ್ಕೂ ಇರುವುದು ಇನ್ನೊಂದು. ಹಾಗಾಗಿ ಸಾವಿರಾರು ಸಂಖ್ಯೆಗಳು ಮೊದಲ ಸಲಕ್ಕೇ ಬರೀ 54 ಉತ್ತರಗಳಿಗೆ ಇಳಿಯುತ್ತವೆ. ಆ 54ರ ದಾರಿಗಳನ್ನೂ ಹಿಡಿದು ನೋಡಿದರೆ ಎಲ್ಲವೂ ಸೇರುವುದು 6174ಕ್ಕೆ.

ಆದರೆ ಇಲ್ಲಿನ ಅನೇಕ ವಿದ್ವಾಂಸರು ಇದನ್ನು ಮಕ್ಕಳಾಟವೆಂದು ತಳ್ಳಿಹಾಕಿದರು. ನಿವೃತ್ತಿಯ ನಂತರ ಪಿಂಚಣಿ ಸಾಲದೆ ಕಾಪ್ರೇಕರ್ ಟ್ಯೂಷನ್ ಹೇಳಬೇಕಾಯಿತು. 1975ರಲ್ಲಿ ಅಮೆರಿಕದ ಮಾರ್ಟಿನ್ ಗಾರ್ಡ್ನರ್ 'ಸೈಂಟಿಫಿಕ್ ಅಮೆರಿಕನ್' ಪತ್ರಿಕೆಯ ತಮ್ಮ ಅಂಕಣದಲ್ಲಿ ಬರೆದ ಮೇಲೆ ಜಗತ್ತು ಅವರತ್ತ ತಿರುಗಿತು. ಆಗ ಅವರಿಗೆ ಎಪ್ಪತ್ತು. 1986ರಲ್ಲಿ ತೀರಿಕೊಂಡರು. ಇಂದು 6174ನ್ನು 'ಕಾಪ್ರೇಕರ್ ಸ್ಥಿರಾಂಕ' ಎಂದೇ ಕರೆಯುತ್ತಾರೆ.

ಕನ್ನಡ ಬಿ.ಎ. ಓದಿದ ನನಗೆ ಲೆಕ್ಕವೆಂದರೆ ಇಂದಿಗೂ ಅಳುಕು. ಆದರೆ ಈ ಮೇಷ್ಟ್ರ ಲೆಕ್ಕಕ್ಕೆ ಬೇಕಾದದ್ದು ಕೂಡುವುದು, ಕಳೆಯುವುದು, ಮತ್ತೆ ಒಂದಿಷ್ಟು ಕುತೂಹಲ. ಮನೆಯಲ್ಲಿ ಗಣಿತಕ್ಕೆ ಹೆದರುವ ಮಗುವಿದ್ದರೆ ಇವತ್ತು ಪಕ್ಕದಲ್ಲಿ ಕೂರಿಸಿಕೊಳ್ಳಿ. ಅದು ಹುಟ್ಟಿದ ವರ್ಷದಿಂದಲೇ ಶುರು ಮಾಡಿ. ಉತ್ತರ ಏನೆಂದು ಮಾತ್ರ ಮೊದಲೇ ಹೇಳಬೇಡಿ!